ನೋವಾಗಲಿಲ್ಲ ಎಂದು ಹೇಳಿದ್ದಕ್ಕೆ

ನಾನು ಜೀವಮಾನದಲ್ಲಿ ಒಬ್ಬನೇ ಒಬ್ಬ ಡಾಕ್ಟರನ ಕಪಾಳಕ್ಕೆ ಹೊಡೆದಿದ್ದೇನೆ. ಪಾಪ, ಅವನು ತಪ್ಪು ಮಾಡಿರಲಿಲ್ಲ. ತಪ್ಪು ಮಾಡಿದವನು ನಾನು, ಪೆಟ್ಟು ತಿಂದವನು ಅವನು. ಅಲ್ಲಿಂದ ಶುರುವಾದ ಹೊಡೆದಾಟ ಇಳಕಲ್ಲಿನಿಂದ ಹುನಗುಂದದವರೆಗೆ ನಡೆಯಿತು, ಕಡೆಗೆ ಯಾರ ಮೇಲೆ ಬೀಳಬಾರದಿತ್ತೋ ಅವಳ ಮೇಲೆ ಬಿತ್ತು.

ಆಗ ನನಗೆ ಇಪ್ಪತ್ತಮೂರೋ ಇಪ್ಪತ್ತನಾಲ್ಕೋ ವಯಸ್ಸು. ಪ್ಲೇಗು ಬಂದು ನಮ್ಮ ಅಪ್ಪ ಅವ್ವ ಇಬ್ಬರನ್ನೂ ಎತ್ತಿಕೊಂಡು ಹೋಗಿ ಕೆಲವು ವರ್ಷ ಕಳೆದಿದ್ದವು. ಮನೆಯಲ್ಲಿ ಒಂದು ಮಗ್ಗ ಇತ್ತು. ಅದರ ಕುಣಿಯಲ್ಲಿ ಕಾಲು ಇಳಿಬಿಟ್ಟು ಕೂರಬೇಕಾದವನು ನಾನು, ಕೂರುತ್ತಿದ್ದವಳು ನನ್ನ ಹೆಂಡತಿ. ಆರು ತಿಂಗಳ ಬಸುರಿ ಲಾಳಿ ಎಸೆಯುತ್ತ ಕೂತಿದ್ದರೆ, ಈ ಮಹಾಶಯ ತಾಲೀಮಿನಲ್ಲಿ, ಅಂದರೆ ಊರ ಗರಡಿಮನೆಯಲ್ಲಿ, ಬಸ್ಕಿ ಹೊಡೆಯುತ್ತಿದ್ದ. ಬಾದಾಮಿಯಲ್ಲಿ ಒಬ್ಬ ಪೈಲ್ವಾನನ ಜೊತೆ ನನ್ನ ಜೋಡಿ ಕಟ್ಟಿದ್ದರು. ಅವನನ್ನು ಚಿತ್ ಮಾಡಿದರೆ ಸೀಮೆಯಲ್ಲೆಲ್ಲ ಹೆಸರು ಎಂಬ ಹುಚ್ಚು ನನಗೆ. ಮೂಗಿನ ತುದಿಯಲ್ಲೇ ಸಿಟ್ಟು, ತಲೆಯ ತುಂಬ ಅಖಾಡದ ಮಣ್ಣು.

ನಮ್ಮ ತಾಲೀಮಿನಲ್ಲಿ ಒಂದು ಪದ್ಧತಿ ಇತ್ತು. ಅಮಾವಾಸ್ಯೆಯ ದಿನ ಕುಸ್ತಿ ಇಲ್ಲ. ಅಖಾಡದ ಮಣ್ಣು ಕೆದರಿ ಅರಿಶಿನ, ಮಜ್ಜಿಗೆ, ನಿಂಬೆಹಣ್ಣಿನ ರಸ ಬೆರೆಸುವುದು. ಅದಕ್ಕೂ ಮೊದಲು ಉಸ್ತಾದರು ನಮ್ಮೆಲ್ಲರ ಮೈ ನೋಡುತ್ತಿದ್ದರು. ಅವರು ಅರವತ್ತು ದಾಟಿದ ಮುಸಲ್ಮಾನ ಮುದುಕರು, ನನ್ನನ್ನು ಮಗನ ಹಾಗೆ ಬೆಳೆಸಿದವರು. ಹೊತ್ತು ಏರುವ ಮುಂಚೆ, ಬಿಸಿಲು ಇನ್ನೂ ಓರೆಯಾಗಿ ಬೀಳುವಾಗ ಲಂಗೋಟಿಯಲ್ಲಿ ಸಾಲಾಗಿ ನಿಲ್ಲಬೇಕು. ಓರೆ ಬಿಸಿಲಿಗೆ ಚರ್ಮದ ಮೇಲಿನ ಸಣ್ಣ ಉಬ್ಬೂ ನೆರಳು ಬಿಡುತ್ತದೆ ಎನ್ನುವರು. ಕಂಕುಳು, ತೊಡೆಸಂದು, ಕಿವಿಯ ಹಿಂದೆ ಎಲ್ಲ ನೋಡುವರು. ಅಂಗೈಯಿಂದ ಮುಟ್ಟುತ್ತಿರಲಿಲ್ಲ, ಕೈಯ ಹಿಂಬದಿಯಿಂದ ಸವರುತ್ತಿದ್ದರು. ಮೈಯ ಬಿಸಿ ಅಲ್ಲಿಗೇ ಬೇಗ ಗೊತ್ತಾಗುತ್ತದಂತೆ. ಗಜಕರ್ಣ ಕಂಡಿತೋ, ಅದು ವಾಸಿಯಾಗುವವರೆಗೆ ಆ ಪೈಲ್ವಾನ ಅಖಾಡಕ್ಕೆ ಕಾಲಿಡುವಂತಿಲ್ಲ. ಒಬ್ಬನ ಮೈಯಿಂದ ಮಣ್ಣಿಗೆ, ಮಣ್ಣಿನಿಂದ ಹತ್ತು ಮೈಗೆ ಹತ್ತುವ ಪೀಡೆ ಅದು.

ಇನ್ನೊಂದು ಪದ್ಧತಿಯೂ ಇತ್ತು. ಎಷ್ಟೇ ಪೆಟ್ಟು ಬೀಳಲಿ, ಅಖಾಡದಲ್ಲಿ ಅಯ್ಯೋ ಎನ್ನಬಾರದು. ಅಂದವನನ್ನು ಆರು ತಿಂಗಳು ಎಲ್ಲರೂ ಅಣಕಿಸುತ್ತಿದ್ದರು. ನನ್ನ ಹೆಬ್ಬೆರಳು ಕೀಲು ತಪ್ಪಿದಾಗ ಉಸ್ತಾದರು ಎಳೆದು ಕೂಡಿಸಿದ್ದರು, ನಾನು ಉಸಿರು ಬಿಟ್ಟಿರಲಿಲ್ಲ. ‘ಇವಂಗ ಕಲ್ಲಿನ ಮೈ ಕೊಟ್ಟಾನ ದೇವರು’ ಎಂದು ಅವರು ಊರ ಮುಂದೆ ಹೇಳಿದ್ದರು. ಆ ಮಾತು ನನ್ನ ತಲೆಗೇರಿ ಕೂತಿತ್ತು.

ಮನೆಯಲ್ಲಿ ನನ್ನ ಕಥೆ ಬೇರೆಯೇ. ಸೊಂಟದಲ್ಲಿ ಲಂಗೋಟಿಯ ದಾರ ಉಜ್ಜುವ ಕಡೆ ರೂಪಾಯಿಯಗಲ ಒಂದು ಮಚ್ಚೆ ಎದ್ದು ತುರಿಸತೊಡಗಿತ್ತು. ಉಸ್ತಾದರ ಕಣ್ಣಿಗೆ ಬಿದ್ದರೆ ಬಾದಾಮಿಯ ಕುಸ್ತಿ ಹೋಯಿತು! ಮುಚ್ಚಿಟ್ಟೆ. ಹೆಂಡತಿ ರಾತ್ರಿ ಊಟವಾದ ಮೇಲೆ ಬೆಳ್ಳುಳ್ಳಿ ಅರೆದು ಹಚ್ಚುತ್ತಿದ್ದಳು. ಹಚ್ಚಿದೊಡನೆ ನಾನು ಕಂಬ ಹಿಡಿದು ಕುಣಿಯುತ್ತಿದ್ದೆ. ‘ಅಯ್ಯಯ್ಯ, ಸತ್ನೆಪ್ಪೋ! ಒರಸ, ಒರಸಿಬಿಡ!’ ಎಂದು ಒದರುತ್ತಿದ್ದೆ. ಅವಳಿಗೆ ನಗು ತಡೆಯಲಾಗುತ್ತಿರಲಿಲ್ಲ. ‘ಪೈಲ್ವಾನರು ನೋಡ್ರಿ, ಬಳ್ಳೊಳ್ಳಿಗೆ ಚಿತ್ ಆದ್ರು’ ಎನ್ನುತ್ತಿದ್ದಳು.

ಅಮಾವಾಸ್ಯೆ ಬಂತು. ಮಚ್ಚೆಯನ್ನು ಎಣ್ಣೆ, ಇಟ್ಟಿಗೆಪುಡಿ ಹಾಕಿ ಉಜ್ಜಿ ಉಜ್ಜಿ, ಮೇಲಿನ ಹೊಟ್ಟು ಒಂದೂ ಉಳಿಯದಂತೆ ತೆಗೆದು ಹೋದೆ. ಬೆಳ್ಳುಳ್ಳಿಗೆ ಸುಟ್ಟು ನಡುವೆ ಬಿಳಿಚಿಕೊಂಡಿತ್ತು, ಸುತ್ತ ಕೆಂಪು ದಂಡೆ. ಉಸ್ತಾದರು ದಾರ ಸರಿಸಿದರು, ಬಗ್ಗಿ ನೋಡಿದರು, ಮತ್ತೆ ನೋಡಿದರು.

‘ಗಜಕರ್ಣ ಅನ್ನೂಣು ಅಂದ್ರ ಹೊಟ್ಟಿಲ್ಲ. ನಡುವ ಬೆಳ್ಳಗ ಯಾಕೈತಿ? ತುರಸತದೇನ ಬೇಟಾ?’

‘ಇಲ್ಲರಿ ಉಸ್ತಾದ್ರ,’ ಎಂದೆ. ಹೂಂ ಅಂದಿದ್ದರೆ ಅಲ್ಲಿಗೇ ಮುಗಿಯುತ್ತಿತ್ತು.

ಅವರ ಮುಖ ಇಳಿಯಿತು. ‘ದವಾಖಾನಿಗೆ ನಡಿ,’ ಎಂದರು. ತಾಲೀಮಿನ ಏಳೆಂಟು ಜನ ಬೆನ್ನು ಹತ್ತಿ ಬಂದು ದವಾಖಾನೆಯ ಕಿಟಕಿಗೆ ಜೋತುಬಿದ್ದರು. ಡಾಕ್ಟರು ಹೊಸಬ, ನನಗಿಂತ ಎರಡು ವರ್ಷ ದೊಡ್ಡವನಿರಬೇಕು. ಮಚ್ಚೆಯನ್ನು ಬೆಳಕಿಗೆ ಹಿಡಿದು ನೋಡಿದ, ಬೆರಳಿನಿಂದ ದಂಡೆ ಒತ್ತಿದ. ಎಷ್ಟು ದಿನ ಆತು, ಮನೆಯಲ್ಲಿ ಯಾರಿಗಿದೆ ಎಂದು ಕೇಳುತ್ತ ಕೇಳುತ್ತ, ನಾನು ಬೇರೆ ಕಡೆ ನೋಡುತ್ತಿದ್ದಾಗ ರಟ್ಟೆಗೆ ಸೂಜಿ ಮುಟ್ಟಿಸಿಬಿಟ್ಟ. ‘ಹಾಯ್!’ ಎಂದು ಹಾರಿದೆ.

ಕಿಟಕಿಯಲ್ಲಿ ನಗೆ ಎದ್ದಿತು. ‘ಸೊಳ್ಳಿ ಕಡದೀತ್ಲೇ ಪೈಲ್ವಾನಗ!’ ಎಂದು ಒಬ್ಬ ಕೂಗಿದ. ‘ಬಾದಾಮ್ಯಾಂವಗ ಹೇಳ್ರಿ, ಕುಸ್ತಿ ಬ್ಯಾಡ, ಸೂಜಿ ಹಿಡಕೊಂಡ ಬಾ ಅಂತ’ ಎಂದು ಇನ್ನೊಬ್ಬ. ನನ್ನ ಕಿವಿಯೆಲ್ಲ ಬಿಸಿಯಾಯಿತು.

ಆಮೇಲೆ ಅವನು ಮಚ್ಚೆಗೆ ಚುಚ್ಚಿದ. ‘ಇಲ್ಲಿ ಹತ್ತತದೇನು?’

ಬೆಂಕಿ ತಾಗಿದ ಹಾಗಾಯಿತು. ಹಲ್ಲು ಕಚ್ಚಿದೆ. ‘ಇಲ್ಲ.’

ಇನ್ನಷ್ಟು ಒತ್ತಿದ. ‘ಈಗ?’

‘ಚುಚ್ಚರಿ ಡಾಕ್ಟರ, ದಬ್ಬಣ ಇದ್ರ ತರ್ರಿ!’

ಕಿಟಕಿಯವರು ಭಲೇ ಎಂದು ಚಪ್ಪಾಳೆ ತಟ್ಟಿದರು. ಸೂಜಿಯ ಬುಡದಲ್ಲಿ ರಕ್ತ ಕಾಣಿಸಿತು, ನಾನು ನಗುತ್ತಿದ್ದೆ. ಕಣ್ಣಲ್ಲಿ ನೀರು ಬಂದದ್ದನ್ನು ಗೋಡೆಯ ಕಡೆ ತಿರುಗಿ ನುಂಗಿಕೊಂಡೆ. ಡಾಕ್ಟರನ ಮುಖ ಮಾತ್ರ ಬಿಳಿಚಿತು. ಕಿಟಕಿ ಮುಚ್ಚಿಸಿ, ಉಸ್ತಾದರನ್ನೂ ನನ್ನನ್ನೂ ಹತ್ತಿರ ಕರೆದು ಮೆಲ್ಲಗೆ ಹೇಳಿದ: ‘ಇದು ಕುಷ್ಠ ಇದ್ದಂಗ ಕಾಣತದ. ಬಾಗಲಕೋಟಿ ದವಾಖಾನಿಗೆ ಚೀಟಿ ಕೊಡತೇನಿ. ಅಲ್ಲಿ ದೊಡ್ಡ ಡಾಕ್ಟರು ಭೂತಗನ್ನಡಿ ಯಂತ್ರದಾಗ ನೋಡತಾರ.’

ಕುಷ್ಠ ಎಂಬ ಮಾತು ಮುಗಿಯುವುದರೊಳಗೆ ನನ್ನ ಕೈ ಎದ್ದಿತ್ತು. ಅವನು ಹಿಂದಕ್ಕೆ ಹಾರಿ ಕಪಾಟಿಗೆ ಬಡಿದ, ಬಾಟಲಿಗಳು ಉರುಳಿದವು, ಕನ್ನಡಕ ಎರಡು ಚೂರಾಯಿತು. ತುಟಿಯ ರಕ್ತ ಒರೆಸಿಕೊಳ್ಳುತ್ತ, ‘ಚೀಟಿ ಒಯ್ಯಿ,’ ಎಂದನೇ ಹೊರತು ಪೊಲೀಸರ ಹೆಸರೆತ್ತಲಿಲ್ಲ. ಸೂಜಿ ಯಾಕೆ ಚುಚ್ಚಿದ ಎಂದು ಅವನು ಹೇಳಲಿಲ್ಲ, ನಾನು ಕೇಳಲಿಲ್ಲ. ಕುಷ್ಠವೆಂದರೆ ಬೆರಳು ಉದುರುವುದು, ಮೂಗು ಕುಸಿಯುವುದು ಎಂದಷ್ಟೇ ನಮ್ಮ ಓಣಿಗೆ ಗೊತ್ತು. ಆ ರೋಗದ ಮಚ್ಚೆಗೆ ಮುಟ್ಟಿದ್ದೂ ಚುಚ್ಚಿದ್ದೂ ತಿಳಿಯುವುದಿಲ್ಲ, ಡಾಕ್ಟರರು ಅದನ್ನೇ ನೋಡುತ್ತಾರೆ ಎಂಬುದು ನಮ್ಮಲ್ಲಿ ಒಬ್ಬನಿಗೂ ತಿಳಿಯದು.

ಮುಚ್ಚಿದ ಕಿಟಕಿಗೂ ಕಿವಿ ಹಚ್ಚಿದವರಿದ್ದರು, ಸುದ್ದಿ ನಮಗಿಂತ ಮೊದಲು ತಾಲೀಮು ಮುಟ್ಟಿತ್ತು. ಅಖಾಡದ ಮಣ್ಣನ್ನೆಲ್ಲ ಹೊರಗೆ ಎಸೆಯುತ್ತಿದ್ದರು, ನನ್ನ ಲಂಗೋಟಿ ಉರಿಯುತ್ತಿತ್ತು. ದಿನಾ ನನ್ನ ಕುತ್ತಿಗೆ ಹಿಡಿದು, ತೊಡೆಗೆ ತೊಡೆ ತಿಕ್ಕಿ ಆಡಿದವರು ಈಗ ಹತ್ತು ಮಾರು ದೂರದಿಂದ ಕಲ್ಲು ಬೀರಿದರು. ಮೊದಲನೆಯದು ಭುಜಕ್ಕೆ ಬಿತ್ತು, ಎರಡನೆಯದು ಹುಬ್ಬು ಸೀಳಿತು. ನಾನು ಅಂಗಿ ಕಿತ್ತೆಸೆದು ಬರಿಮೈಯಲ್ಲಿ ಅವರ ಮೇಲೆ ನುಗ್ಗಿದೆ. ಅಬ್ಬಾ, ಆ ಓಟ! ಎತ್ತಿನಂಥ ಗಂಡಸರು ಕೋಳಿಗಳ ಹಾಗೆ ಚದುರಿದರು. ಸಿಕ್ಕ ಒಬ್ಬನನ್ನು ನೆಲಕ್ಕೆ ಕೆಡವಿ, ಮುಖಕ್ಕೆ ಗುದ್ದುವ ಬದಲು ನನ್ನ ಸೊಂಟ ಅವನ ಮೈಗೆ ತಿಕ್ಕಿದೆ. ಅವನು ಕೂಗಿದ ಕೂಗು ಪೆಟ್ಟಿಗೆ ಕೂಗುವಂಥದ್ದಲ್ಲ. ನನಗೆ ಅದು ಸುಖವೆನಿಸಿತು, ಸುಳ್ಳು ಯಾಕೆ ಹೇಳಲಿ. ಆಗ ಉಸ್ತಾದರೇ ಬಿದಿರಿನ ಕೋಲು ತಂದು ನನ್ನ ಬೆನ್ನಿಗೆ ಬಾರಿಸಿದರು. ಹೊಡೆಯುತ್ತಲೇ ಅಳುತ್ತಿದ್ದರು. ಕೈಯಿಂದ ಹೊಡೆದಿದ್ದರೆ ತಡೆದುಕೊಳ್ಳುತ್ತಿದ್ದೆ, ಕೋಲು ಹಿಡಿದರಲ್ಲ ಎಂದು ಸಂಕಟವಾಯಿತು.

ಮೂರನೆಯ ದಿನ ಹುನಗುಂದದಿಂದ ಹೆಂಡತಿಯ ಅಣ್ಣ ಗಾಡಿ ಕಟ್ಟಿಕೊಂಡು ಬಂದ. ಜೊತೆಗೆ ಬಡಿಗೆ ಹಿಡಿದ ಇಬ್ಬರು. ಓಣಿಯೆಲ್ಲ ಬಾಗಿಲಿಗೆ ಬಂದು ನಿಂತಿತ್ತು, ತಾಲೀಮಿನವರೂ ದೂರದಲ್ಲಿದ್ದರು. ಅಂಗಳದಿಂದಲೇ ಅವನು ತಂಗಿಯನ್ನು ಕೂಗಿದ: ‘ಬಾರವ್ವ, ಹೊಟ್ಯಾಗಿನ ಕೂಸಿಗೆ ಹತ್ತೂಕಿಂತ ಮೊದಲ ಬಾ.’

ನಾನು ಹೊಸ್ತಿಲು ದಾಟಿ ಅವನ ಬಲಗೈ ಹಿಡಿದೆ. ಬಡಿಗೆಯವರು ನನ್ನ ಮೊಣಕಾಲಿಗೆ ಹೊಡೆದರು, ನಾನು ಬಿಡಲಿಲ್ಲ. ತಿರುವಿದೆ. ಒಣ ಜೋಳದ ದಂಟು ಮುರಿದ ಸಪ್ಪಳ ಬಂತು. ಅವನು ಕೈ ಅವುಚಿಕೊಂಡು ಗಾಡಿಯ ಗಾಲಿಗೆ ಒರಗಿ ಕುಸಿದ. ಆಗ ಹೆಂಡತಿ ಹೊರಗೆ ಬಂದಳು. ಅಣ್ಣನ ಕಡೆ ನೋಡಲಿಲ್ಲ. ನನ್ನ ಹತ್ತಿರ, ಮುಟ್ಟುವಷ್ಟು ಹತ್ತಿರ ಬಂದು ನಿಂತಳು.

‘ಒಂದ ಮಾತ ಕೇಳತೇನ್ರಿ,’ ಎಂದಳು. ‘ಮನ್ಯಾಗ ಬಳ್ಳೊಳ್ಳಿ ಹಚ್ಚಿದಾಗ ಊರ ಕೇಳೂಹಂಗ ಒದರತಿದ್ರಿ. ಅಲ್ಲಿ ಸೂಜಿ ಚುಚ್ಚಿದ್ರ ಖರೇನ ನೋವ ಆಗಲಿಲ್ಲೇನು?’

ತಾಲೀಮಿನವರು ಕತ್ತು ಚಾಚಿದರು. ಬೆಳ್ಳುಳ್ಳಿಗೆ ಕಂಬ ಹಿಡಿದು ಕುಣಿದವನು ನಾನು ಎಂದು ಈಗ ಓಣಿಗೆಲ್ಲ ಗೊತ್ತಾಗಬೇಕೇ? ಕುಷ್ಠರೋಗಿ ಎಂದು ಊರು ಹೊರಗೆ ಹಾಕಿದೆ, ಹೆಂಡತಿ ಹೋಗುತ್ತಿದ್ದಾಳೆ, ಆದರೂ ನನಗೆ ಮೀಸೆಯದೇ ಚಿಂತೆ. ಜಟ್ಟಿ ಬಿದ್ದರೂ ಮೀಸೆ ಮಣ್ಣಾಗಬಾರದು!

‘ಬಾಯಿ ಮುಚ್ಚ! ನಾ ಯಾವಾಗ ಒದರೀನಿ? ಸುಳ್ಳ ಬೊಗಳಬ್ಯಾಡ!’ ಎಂದು ಗುಡುಗಿದೆ. ‘ಸೂಜೀನ ಗೊತ್ತಾಗಲಿಲ್ಲ ನನಗ.’

‘ಹಂಗಾರ ನಾ ಹೋಗತೇನ್ರಿ. ಕೂಸು ಉಳೀಲಿ,’ ಎಂದು ಗಾಡಿ ಹತ್ತಿದಳು. ನೋವಾಯಿತು ಎಂದಿದ್ದರೆ ಅವಳು ಇರುತ್ತಿದ್ದಳು. ಅವಳಿಗೆ ಯಾವ ಡಾಕ್ಟರಕಿಯೂ ಬರುತ್ತಿರಲಿಲ್ಲ, ಆದರೆ ಮನೆಯಲ್ಲಿ ಒದರಿದ ಮೈ ದವಾಖಾನೆಯಲ್ಲಿ ಸುಮ್ಮನಿದ್ದದ್ದು ಅವಳ ತಲೆಯಲ್ಲಿ ಕೂಡಿರಲಿಲ್ಲ. ಕೇಳಬೇಕಾದದ್ದನ್ನು ಕೇಳಿದ್ದಳು.

ಎಂಟು ದಿನ ಬಾಗಿಲು ಹಾಕಿಕೊಂಡು ಬಿದ್ದಿದ್ದೆ. ಒಂಬತ್ತನೆಯ ದಿನ ಉಸ್ತಾದರು ಬಂದು ಅಂಗಳದಾಚೆ ನಿಂತರು. ನನ್ನ ಪರವಾಗಿ ಆ ಡಾಕ್ಟರನ ಕಾಲಿಗೆ ಬಿದ್ದು ಚೀಟಿ ತಂದಿದ್ದರು. ಅದಕ್ಕೊಂದು ಕಲ್ಲು ಕಟ್ಟಿ ಎಸೆದರು. ‘ಹೋಗ ಬೇಟಾ. ಏನಂತಾರೋ ಅನ್ನಲಿ, ಒಮ್ಮೆ ತೋರಿಸು,’ ಎಂದರು. ಯಾವ ಗಾಡಿಯವನೂ ಹತ್ತಿಸಿಕೊಳ್ಳಲಿಲ್ಲ. ನಸುಕಿನಲ್ಲೇ ಎದ್ದು ಕಾಲ್ನಡಿಗೆ ಹಿಡಿದೆ. ಹುನಗುಂದ ಬರುವಷ್ಟರಲ್ಲಿ ಬಿಸಿಲು ಬಿದ್ದಿತ್ತು. ಹೆಂಡತಿಯ ತವರಿನ ಓಣಿಯ ಬಾಯಲ್ಲಿ ಒಂದು ಗಳಿಗೆ ನಿಂತೆ. ಯಾವ ಮುಖ ಹೊತ್ತು ಹೋಗಲಿ ಎಂದು ಮುಂದೆ ನಡೆದೆ. ಮಲಪ್ರಭೆಯಲ್ಲಿ ಮೊಣಕಾಲುದ್ದ ನೀರಿತ್ತು. ಹೊಳೆಯಲ್ಲಿ ಬಟ್ಟೆ ಒಗೆಯುವವರು ನನ್ನ ಹುಬ್ಬಿನ ಗಾಯ ನೋಡಿ ಯಾವ ಊರ ಕುಸ್ತಿ ಎಂದು ಕೇಳಿದರು.

ಬಾಗಲಕೋಟೆಯ ಡಾಕ್ಟರು ಬಿಳಿ ಮೀಸೆಯ ಸಿಡುಕು ಮುದುಕರು. ಚೀಟಿ ಓದಿ, ಸೊಂಟ ನೋಡಿದರು. ಹತ್ತು ಹನ್ನೆರಡು ದಿನ ಎಣ್ಣೆ ಇಟ್ಟಿಗೆ ಕಾಣದ ದಂಡೆಯ ಮೇಲೆ ಬಿಳಿ ಹೊಟ್ಟು ಎದ್ದಿತ್ತು. ಅವರು ‘ಹುಂ’ ಎಂದರು. ಸೂಜಿ ತೆಗೆಯಲಿಲ್ಲ. ನನ್ನ ಕಣ್ಣಿಗೆ ವಸ್ತ್ರ ಕಟ್ಟಿ, ‘ಮುಟ್ಟಿದಾಗೊಮ್ಮೆ ಎಣಸು’ ಎಂದರು. ಕೋಳಿಪುಕ್ಕ ಇರಬೇಕು, ಗಾಳಿಯಷ್ಟು ಹಗುರಾಗಿ ಅಲ್ಲೊಂದು ಇಲ್ಲೊಂದು ಮುಟ್ಟಿತು. ಇದರಲ್ಲಿ ಗಂಡಸುತನ ತೋರಿಸುವುದೇನಿದೆ? ಎಣಿಸಿದೆ. ಹನ್ನೊಂದು ಎಂದೆ.

‘ಹನ್ನೊಂದ ಸಲಾನ ಮುಟ್ಟೀನಿ. ಐದ ಸಲ ಮಚ್ಚಿ ಮ್ಯಾಲ,’ ಎಂದರು.

ಆಮೇಲೆ ಮೊಂಡು ಚಾಕುವಿನಿಂದ ದಂಡೆಯ ಹೊಟ್ಟು ಕೆರೆದು ಗಾಜಿನ ಮೇಲೆ ಉದುರಿಸಿಕೊಂಡರು. ಅದಕ್ಕೆ ಏನೋ ಕ್ಷಾರದ ಹನಿ ಹಾಕಿ, ದೀಪದ ಮೇಲೆ ತುಸು ಬಿಸಿ ಮಾಡಿ, ಹಿತ್ತಾಳೆಯ ಕೊಳವೆಯಿದ್ದ ಆ ಯಂತ್ರದ ಕೆಳಗಿಟ್ಟರು. ಬಹಳ ಹೊತ್ತು ತಿರುಗಿಸಿ ತಿರುಗಿಸಿ ನೋಡಿ, ನನ್ನನ್ನೂ ಕರೆದರು. ಒಂದು ಕಣ್ಣು ಮುಚ್ಚಿ ಬಗ್ಗಿದೆ. ತೇಲುವ ಚೂರುಗಳ ನಡುವೆ ಸಣ್ಣ ಸಣ್ಣ ಎಳೆಗಳು, ಕವಲೊಡೆದ ಎಳೆಗಳು, ಹುರಿ ತಪ್ಪಿದ ನೂಲಿನ ಹಾಗೆ.

‘ಏನ್ರಿ ಇದು?’

‘ಬೂಷ್ಟು. ಉಪ್ಪಿನಕಾಯಿ ಮ್ಯಾಲ ಬರತದಲ್ಲ, ಅದರ ತಮ್ಮ. ನಿನ್ನ ಸೊಂಟದಾಗ ಬೆಳದೈತಿ. ಗಜಕರ್ಣ ಅದು. ಕುಷ್ಠಾ ಅಲ್ಲ, ಮಣ್ಣೂ ಅಲ್ಲ.’

ಅವರು ಚೀಟಿಯನ್ನು ಮತ್ತೆ ಓದಿ ಹುಬ್ಬು ಗಂಟಿಕ್ಕಿದರು. ‘ಇಲ್ಲಿ ಬರದಾನ, ಸೂಜಿ ರಕ್ತ ಬರೂತನಕ ಚುಚ್ಚಿದರೂ ಗೊತ್ತಾಗಲಿಲ್ಲ ಅಂತ. ಗೊತ್ತಾಗಿದ್ರ ಅಲ್ಲೇ ಗಜಕರ್ಣ ಅಂತಿದ್ದ. ನಿನಗ ಗೊತ್ತಾಗಿತ್ತೋ ಇಲ್ಲೋ?’

‘ಆಗಿತ್ರಿ.’

‘ಮತ್ತ?’

‘ಹುಡುಗ್ರು ನೋಡಾಕತ್ತಿದ್ರು… ಪೈಲ್ವಾನ ಅದೀನ್ರಿ.’

ಮುದುಕರು ಎದ್ದು ಬಂದು ನನಗೆ ಒಂದು ಬಿಟ್ಟರು ನೋಡಿ! ಕಿವಿ ಗುಂಯ್ ಎಂದಿತು. ‘ಮಂಗ್ಯಾನ ಮಗನ, ಡಾಕ್ಟರ ಮುಂದ ಮೈ ಸುಳ್ಳ ಹೇಳಬಾರದು,’ ಎಂದು ಮತ್ತೆ ಹೋಗಿ ಕೂತರು. ಆಮೇಲೆ ಒಂದು ಹಾಳೆ ತೆಗೆದು ಯಂತ್ರದಲ್ಲಿ ಕಂಡ ಎಳೆಗಳ ಚಿತ್ರ ಬರೆದರು, ಕೆಳಗೆ ನಾಲ್ಕು ಸಾಲು, ಸಹಿ. ಒಂದು ಡಬ್ಬಿ ಮುಲಾಮು ಕೊಟ್ಟು, ‘ಮನ್ಯಾಗ ಯಾರಿಗರ ಹತ್ತಿದ್ರ ಅವರಿಗೂ ಹಚ್ಚು. ತಿಂಗಳದಾಗ ಹೋಗತದ,’ ಎಂದರು.

ವಾಪಸ್ಸು ನಡೆದದ್ದಲ್ಲ, ಓಡಿದ್ದು. ಆ ಹಾಳೆಯನ್ನು ಹೆಂಡತಿಯ ಅಣ್ಣನ ಮೂಗಿಗೆ ಹಿಡಿಯಬೇಕು, ಅವಳನ್ನು ಕರೆದುಕೊಂಡು ಇಳಕಲ್ಲಿನ ನಡುಬೀದಿಯಲ್ಲಿ ಹಾದು ಹೋಗಬೇಕು ಎಂದು ದಾರಿಯುದ್ದಕ್ಕೂ ಲೆಕ್ಕ ಹಾಕುತ್ತ ಬಂದೆ. ಹುನಗುಂದದ ಆ ಮನೆಯ ಕಟ್ಟೆಯ ಮೇಲೆ ಅವನು ಕೂತಿದ್ದ, ಬಲಗೈಗೆ ಬಿದಿರಿನ ದಬ್ಬೆ ಕಟ್ಟಿತ್ತು. ನನ್ನನ್ನು ಕಂಡರೂ ಏಳಲಿಲ್ಲ. ಒಳಗಿನಿಂದ ಸುಟ್ಟ ವಾಸನೆ, ಲೋಳೆಸರದ ವಾಸನೆ ಬರುತ್ತಿತ್ತು.

‘ಆಕಿ ಕೈಗೂ ಎದ್ದಿತ್ತು, ನಿನ್ನಂಥಾದ್ದ ದುಂಡಂದು,’ ಎಂದ. ‘ಮೊನ್ನಿ ಮಧ್ಯಾನ್ನ ಸುಟ್ಟೇವಿ. ಕುಡಗೋಲ ಕಾಸಿ. ಇನ್ನ ಹಬ್ಬೂದಿಲ್ಲ.’

ಮೊನ್ನೆ ಎಂದರೆ ನಾನು ಅವರ ಓಣಿಯ ಬಾಯಲ್ಲಿ ನಿಂತು ಮುಂದೆ ಹೋದ ದಿನ. ಅದೇ ಮಧ್ಯಾಹ್ನ.

ನಾನು ಅವನ ಮುಖಕ್ಕೆ ಗುದ್ದಿದೆ. ಮತ್ತೆ ಗುದ್ದಿದೆ. ಹಲ್ಲು ಒಡೆದು ಅಂಗಿಯ ಮೇಲೆಲ್ಲ ರಕ್ತ ಸುರಿಯಿತು. ಒಂದು ಕೈ ನೆಟ್ಟಗಿದ್ದರೂ ಅವನು ಎತ್ತಲಿಲ್ಲ, ಸುಮ್ಮನೆ ಹೊಡೆಸಿಕೊಂಡ. ಒಳಗಿನಿಂದ ಅವಳ ದನಿ ಬಂತು: ‘ಬಿಡ್ರಿ ಅವನ್ನ.’

ಒಳಗೆ ಹೋದೆ. ಬಲ ಮೊಣಕೈಯ ಮಡಿಕೆಯಲ್ಲಿ ಅಂಗೈಯಗಲ ಸುಟ್ಟಿತ್ತು. ಮಾಂಸ ಕಾಣುತ್ತಿತ್ತು. ಕೈ ಮಡಿಚಿಕೊಂಡು ಗೋಡೆಗೆ ಒರಗಿದ್ದಳು, ಹೊಟ್ಟೆ ಹಾಗೇ ಇತ್ತು. ನಾನು ಹಾಳೆ ಬಿಚ್ಚಿ, ಗಜಕರ್ಣವಂತೆ, ಕುಷ್ಠವಲ್ಲವಂತೆ, ಚಿತ್ರ ನೋಡು ಎಂದು ಬಡಬಡಿಸಿದೆ. ಅವಳು ಚಿತ್ರ ನೋಡಲಿಲ್ಲ.

‘ಸೂಜಿ ನೋವಾಗಿತ್ತೇನ್ರಿ?’ ಎಂದಳು.

‘ಆಗಿತ್ತು. ಭಾಳ ಆಗಿತ್ತು.’

‘ಕುಡಗೋಲ ತರೂದ ನೋಡೇ ನಾ ಒದರಾಕತ್ತಿದ್ನಿ,’ ಎಂದಳು. ‘ಅಣ್ಣ ಅಂದ, ನಿನ್ನ ಗಂಡ ಸೂಜಿಗೆ ಹೂಂ ಅನ್ನಲಿಲ್ಲ, ನೀ ಯಾಕ ಒದರತಿ, ತಡಕೋ ಅಂದ.’

ಅಷ್ಟು ಹೇಳಿ ಮುಖ ತಿರುಗಿಸಿದಳು. ನಾನು ನೆಲದ ಮೇಲೆ ಕೂತು ಹೆಂಗಸರ ಹಾಗೆ ಅತ್ತೆ.

ನನ್ನ ಮಚ್ಚೆ ಒಂದು ತಿಂಗಳಲ್ಲಿ ಹೋಯಿತು. ಎಲ್ಲಿತ್ತು ಎಂದು ಹುಡುಕಿದರೂ ಸಿಗುವುದಿಲ್ಲ. ತಾಲೀಮಿನವರು ಮರಳಿ ಕರೆದರು, ನಾನು ಹೋಗಲಿಲ್ಲ. ಬಾದಾಮಿಯವನು ಬೇರೆಯವರ ಜೊತೆ ಆಡಿ ಗೆದ್ದನಂತೆ. ಹೆಂಡತಿ ನನ್ನ ಮನೆಗೆ ಮರಳಿದಳು, ಅವಳ ಕೈ ಮಾತ್ರ ಮಡಿಚಿದ್ದು ಮತ್ತೆ ಪೂರಾ ಬಿಚ್ಚಲಿಲ್ಲ. ಸುಟ್ಟ ಚರ್ಮ ಒಣಗುತ್ತ ಎಳೆದುಕೊಂಡು ಬಿಗಿದುಬಿಟ್ಟಿತು. ಆ ಕೈಯಲ್ಲಿ ಲಾಳಿ ಎಸೆಯಲಾಗದು, ಹುಟ್ಟಿದ ಮಗಳನ್ನು ಮಲಗಿಸಿಕೊಳ್ಳಲಾಗದು. ಮಗ್ಗದ ಕುಣಿಗೆ ನಾನು ಇಳಿದೆ.

ಮಗಳಿಗೆ ಐದಾರು ವರ್ಷವಾದಾಗ ಅವ್ವನ ಕೈ ಸವರುತ್ತ, ಇದನ್ನ ಯಾರು ಮಾಡಿದರು ಎಂದು ಕೇಳಿದಳು. ಹೆಂಡತಿ ನನ್ನ ಕಡೆ ನೋಡಿದಳು. ನಾನು ಹೇಳಲಿ ಎಂದು ಎಷ್ಟೋ ಹೊತ್ತು ಕಾದಳು. ನಾನು ನೂಲಿನ ಎಳೆ ಕೂಡಿಸುತ್ತಿದ್ದೆ, ತಲೆ ಎತ್ತಲಿಲ್ಲ. ಆಮೇಲೆ ಅವಳೇ, ‘ನಿಮ್ಮ ಸ್ವಾದರಮಾವ,’ ಎಂದಳು. ಮಗಳು ಅಂದಿನಿಂದ ಆ ಮನೆಯ ಹೊಸ್ತಿಲು ತುಳಿಯಲಿಲ್ಲ. ಹೆಂಡತಿ ತೀರಿಹೋದ ಮರುವರ್ಷ ಅವನೂ ಹಾಸಿಗೆ ಹಿಡಿದ. ತಂಗಿಯ ಮಗಳನ್ನು ಒಮ್ಮೆ ಕಣ್ಣಲ್ಲಿ ನೋಡಬೇಕು ಎಂದು ಎರಡು ಸಲ ಹೇಳಿಕಳಿಸಿದ. ಮಗಳು ‘ನಮ್ಮವ್ವನ ಕೈ ಸುಟ್ಟಾಂವ ಅಂವ, ನಾ ಹೋಗೂದಿಲ್ಲಪ್ಪ,’ ಎಂದಳು. ಹೋಗು ಎಂದು ನಾನೂ ಹೇಳಲಿಲ್ಲ.